ಗ್ರಾಚ್ಯುಟಿ ತಡೆಹಿಡಿಯುವ ಹಕ್ಕು ಮಾಲೀಕರಿಗೆ ನಿಜಕ್ಕೂ ಎಷ್ಟಿದೆ?

ನೌಕರರು ನಿವೃತ್ತರಾಗಲಿ, ರಾಜೀನಾಮೆ ಕೊಡಲಿ, 30 ದಿನದೊಳಗೆ ಗ್ರಾಚ್ಯುಟಿ, ಅಂದರೆ ವರ್ಷಗಟ್ಟಲೆ ದುಡಿದದ್ದಕ್ಕೆ ಕೆಲಸ ಬಿಡುವಾಗ ಸಿಗುವ ಇಡಿಗಂಟು, ಅವರ ಕೈಸೇರಬೇಕು. ಅವರು ಅರ್ಜಿ ಹಾಕಿದ್ದಾರೋ ಇಲ್ಲವೋ ಅನ್ನುವುದು ಇಲ್ಲಿ ಮುಖ್ಯವೇ ಅಲ್ಲ. ಎಷ್ಟು ಬರುತ್ತದೆ ಅಂತ ಲೆಕ್ಕ ಹಾಕುವುದು, ಅದನ್ನು ಬರವಣಿಗೆಯಲ್ಲಿ ತಿಳಿಸುವುದು, ದುಡ್ಡು ಕೊಡುವುದು, ಮೂರೂ ಮಾಲೀಕರದ್ದೇ ಹೊಣೆ. 1972ರ ಗ್ರಾಚ್ಯುಟಿ ಪಾವತಿ ಕಾಯ್ದೆ ಇದನ್ನು ಸುತ್ತುಬಳಸದೆ ಹೇಳಿದೆ. ಐವತ್ತು ವರ್ಷ ದಾಟಿದರೂ ಈ ಜಗಳ ಮಾತ್ರ ಕಾರ್ಮಿಕ ಇಲಾಖೆಯ ಕಚೇರಿಯಿಂದ ಸುಪ್ರೀಂ ಕೋರ್ಟಿನ ತನಕ ನಡೆಯುತ್ತಲೇ ಇದೆ. ಯಾಕೆ?

ಕಾನೂನಿನಲ್ಲಿ ನಿಜವಾದ ಗೊಂದಲ ಇರುವುದು ಮೂರ್ನಾಲ್ಕು ಕಡೆ ಮಾತ್ರ. ಅದನ್ನು ಮುಂದೆ ನೋಡೋಣ. ಉಳಿದಂತೆ ನನ್ನ ಅಭಿಪ್ರಾಯ ಇಷ್ಟೇ: ಹಣ ತಡೆಹಿಡಿಯುವುದು ಮಾಲೀಕರಿಗೆ ಅಗ್ಗ, ಅದನ್ನು ಬಿಡಿಸಿಕೊಳ್ಳುವುದು ನೌಕರರಿಗೆ ದುಬಾರಿ. ಈ ಲೆಕ್ಕ ಬದಲಾಗದಿದ್ದರೆ ಎಷ್ಟು ತೀರ್ಪು ಬಂದರೂ ಅಷ್ಟಕ್ಕಷ್ಟೇ.

ಮೊದಲು ದುಡ್ಡಿನ ಲೆಕ್ಕವನ್ನೇ ತೆಗೆದುಕೊಳ್ಳಿ. ಕೊನೆಯ ತಿಂಗಳ ಮೂಲ ವೇತನ ಮತ್ತು ತುಟ್ಟಿಭತ್ಯೆ ಕೂಡಿಸಿ, 26ರಿಂದ ಭಾಗಿಸಿ, 15ರಿಂದ ಗುಣಿಸಿದರೆ ಒಂದು ವರ್ಷದ ಸೇವೆಗೆ ಸಿಗುವ ಗ್ರಾಚ್ಯುಟಿ ಬರುತ್ತದೆ. ಅದನ್ನು ಸೇವೆಯ ವರ್ಷಗಳಿಂದ ಗುಣಿಸಬೇಕು. ಕೊನೆಯಲ್ಲಿ ಆರು ತಿಂಗಳಿಗಿಂತ ಜಾಸ್ತಿ ಉಳಿದಿದ್ದರೆ ಅದೂ ಒಂದು ಪೂರ್ತಿ ವರ್ಷ. ಕೊನೆಯ ಸಂಬಳ 26,000 ರೂಪಾಯಿ ಇದ್ದು 30 ವರ್ಷ ದುಡಿದವರಿಗೆ 4,50,000 ರೂಪಾಯಿ ಬರುತ್ತದೆ. ಕಾಯ್ದೆಯ ಗರಿಷ್ಠ ಮಿತಿ 2018ರಿಂದ 20 ಲಕ್ಷ. ಈಗ ಮಾಲೀಕರು ಕೊಡಲಿಲ್ಲ ಅನ್ನಿ. ವರ್ಷಕ್ಕೆ ಶೇ 10ರ ಸರಳ ಬಡ್ಡಿ ಸೇರಿಸಿ ಕೊಡಬೇಕು, ಅಂದರೆ ವರ್ಷಕ್ಕೆ 45,000. ಈ ದರ ಗೊತ್ತುಪಡಿಸಿದ್ದು 1987ರಲ್ಲಿ. ಸಣ್ಣ ಕಾರ್ಖಾನೆಯವರು ಇಷ್ಟೇ ಹಣವನ್ನು ಬ್ಯಾಂಕಿನಿಂದ ತಂದರೆ ಬಡ್ಡಿ ಹತ್ತಿರ ಹತ್ತಿರ ಇಷ್ಟೇ ಆಗುತ್ತದೆ, ಎಷ್ಟೋ ಸಲ ಇದಕ್ಕಿಂತ ಜಾಸ್ತಿ. ಮೇಲಾಗಿ ಬ್ಯಾಂಕು ಅಡಮಾನ ಕೇಳುತ್ತದೆ, ಕಂತು ತಪ್ಪಿದರೆ ಮನೆ ಬಾಗಿಲಿಗೆ ಬರುತ್ತದೆ. ನಿವೃತ್ತ ನೌಕರರು ಏನೂ ಕೇಳುವುದಿಲ್ಲ. ಅಂದರೆ ಗ್ರಾಚ್ಯುಟಿ ನಿಲ್ಲಿಸಿಕೊಂಡ ಮಾಲೀಕರು ತಮ್ಮ ಹಳೆಯ ನೌಕರರಿಂದಲೇ ಅಡಮಾನವಿಲ್ಲದ ಸಾಲ ಎತ್ತಿದಂತೆ. ಅದೂ ಕೇಸು ಹಾಕಿದವರಿಗೆ ಮಾತ್ರ ಬಡ್ಡಿ. ಹಾಕದೆ ಸುಮ್ಮನಾದವರ ಪಾಲಿಗೆ ಅಸಲೂ ಇಲ್ಲ. ಹಳೆಯ ಕಾಯ್ದೆಯಲ್ಲಿ ಗ್ರಾಚ್ಯುಟಿ ಕೊಡದವರಿಗೆ ಆರು ತಿಂಗಳಿಂದ ಎರಡು ವರ್ಷದವರೆಗೆ ಜೈಲು ಅಂತ ಬರೆದಿತ್ತು ನಿಜ. ಆದರೆ ಆ ಭಯದಿಂದ ಯಾರಾದರೂ 30ನೇ ದಿನ ಚೆಕ್ ಬರೆದಿದ್ದಾರೆ ಅಂತ ನಂಬುವುದು ಕಷ್ಟ.

ಇಲ್ಲೊಂದು ಮಾತು ಹೇಳಿಬಿಡಬೇಕು. 2025ರ ನವೆಂಬರ್ 21ರಿಂದ ಕೇಂದ್ರದ ನಾಲ್ಕು ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದಿವೆ. ಗ್ರಾಚ್ಯುಟಿ ಈಗ ಸಾಮಾಜಿಕ ಭದ್ರತಾ ಸಂಹಿತೆಯ ಒಳಗೆ ಸೇರಿದೆ. ನಿಗದಿತ ಅವಧಿಯ ಗುತ್ತಿಗೆಯ ಮೇಲೆ ನೇಮಕವಾದವರು ಗ್ರಾಚ್ಯುಟಿಗಾಗಿ ಉಳಿದವರಂತೆ ಐದು ವರ್ಷದ ಸೇವೆ ಮುಗಿಯುವ ತನಕ ಕಾಯಬೇಕಿಲ್ಲ ಅನ್ನುವುದು ದೊಡ್ಡ ಬದಲಾವಣೆ. ಸಂಬಳದ ವ್ಯಾಖ್ಯೆಯೂ ಬದಲಾಗಿದೆ: ಭತ್ಯೆಗಳ ಹೆಸರಲ್ಲಿ ಅರ್ಧಕ್ಕಿಂತ ಜಾಸ್ತಿ ತೋರಿಸಿ ಮೂಲ ವೇತನ ಕುಗ್ಗಿಸಿದರೆ, ಆ ಹೆಚ್ಚುವರಿ ಭಾಗ ಲೆಕ್ಕಕ್ಕೆ ಮರಳಿ ಸೇರುತ್ತದೆ. ಆದರೆ 30 ದಿನದ ಗಡುವು, ಮುಟ್ಟುಗೋಲಿನ ಕಾರಣಗಳು ಇವೆಲ್ಲ ಹೆಚ್ಚುಕಡಿಮೆ ಹಾಗೇ ಉಳಿದಿವೆ. ಅದಕ್ಕೇ ಹಳೆಯ ತೀರ್ಪುಗಳು ಇವತ್ತಿಗೂ ಮುಖ್ಯ.

ಹಾಗಾದರೆ ಯಾವಾಗ ತಡೆಹಿಡಿಯಬಹುದು? ಕಾಯ್ದೆ ಕೊಟ್ಟಿರುವ ಕಾರಣಗಳು ತೀರ ಕಡಿಮೆ. ನೌಕರರ ಬೇಕಂತಲೇ ಮಾಡಿದ ತಪ್ಪಿನಿಂದ ಅಥವಾ ಅಲಕ್ಷ್ಯದಿಂದ ಸಂಸ್ಥೆಗೆ ನಷ್ಟವಾಗಿ, ಅದಕ್ಕಾಗಿಯೇ ಕೆಲಸದಿಂದ ತೆಗೆದಿದ್ದರೆ ಆ ನಷ್ಟದಷ್ಟು ಹಣವನ್ನು ಕಡಿತ ಮಾಡಬಹುದು. ಗಲಭೆ, ಹಿಂಸೆ ಮಾಡಿದ್ದಕ್ಕೆ ಅಥವಾ ಕೆಲಸದ ವೇಳೆ ನೈತಿಕ ಅಧಃಪತನದ (ಮೋಸ, ಕಳ್ಳತನದಂಥ) ಅಪರಾಧ ಮಾಡಿದ್ದಕ್ಕೆ ತೆಗೆದಿದ್ದರೆ ಪೂರ್ತಿಯಾಗಿ ಅಥವಾ ಭಾಗಶಃ ಮುಟ್ಟುಗೋಲು ಹಾಕಬಹುದು. ಅಷ್ಟೇ. ಎರಡರಲ್ಲೂ ಕೆಲಸದಿಂದ ತೆಗೆದಿರಬೇಕು, ಆ ಕಾರಣಕ್ಕೇ ತೆಗೆದಿರಬೇಕು.

ಈ ಪಟ್ಟಿಯಲ್ಲಿ ಏನೇನು ಇಲ್ಲ ಅನ್ನುವುದನ್ನು ಗಮನಿಸಿ. ನೋಟಿಸ್ ಅವಧಿ ಪೂರ್ತಿ ಮಾಡಲಿಲ್ಲ ಅನ್ನುವುದು ಇಲ್ಲ. ಪ್ರತಿಸ್ಪರ್ಧಿ ಕಂಪನಿ ಸೇರಿದರು ಅನ್ನುವುದು ಇಲ್ಲ. ಲ್ಯಾಪ್‌ಟಾಪ್ ವಾಪಸ್ ಬಂದಿಲ್ಲ, ಬೇಬಾಕಿ ಪತ್ರಕ್ಕೆ ಸಹಿ ಆಗಿಲ್ಲ, ಬಾಂಡ್ ಮುರಿದರು, ಇವು ಯಾವುವೂ ಇಲ್ಲ. ಬೆಂಗಳೂರಿನ ಐಟಿ ಕಂಪನಿಗಳಲ್ಲಿ ಕೆಲಸ ಬಿಟ್ಟವರಿಗೆ ‘ಫುಲ್ ಆಂಡ್ ಫೈನಲ್ ಸೆಟಲ್‌ಮೆಂಟ್’ ಅಂತ ಒಂದೇ ಹಾಳೆ ಕೊಡುತ್ತಾರಲ್ವಾ, ಅದರಲ್ಲಿ ನೋಟಿಸ್ ಸಂಬಳ, ತರಬೇತಿ ವೆಚ್ಚ, ಗ್ರಾಚ್ಯುಟಿ ಎಲ್ಲವನ್ನೂ ಕೂಡಿಸಿ ಕಳೆದು ಕೊನೆಗೊಂದು ಮೊತ್ತ ತೋರಿಸುತ್ತಾರೆ. ಬಾಂಡ್ ಸಿಂಧುವೇ ಇರಬಹುದು. ಸಾರ್ವಜನಿಕ ವಲಯದ ಬ್ಯಾಂಕೊಂದರ 2 ಲಕ್ಷ ರೂಪಾಯಿಯ ಬಾಂಡ್ ಅನ್ನು 2025ರ ಮೇನಲ್ಲಿ ಸುಪ್ರೀಂ ಕೋರ್ಟ್ ಎತ್ತಿಹಿಡಿದಿದೆ. ಆದರೆ ಆ ಹಣ ಬೇಕಿದ್ದರೆ ಅದಕ್ಕೆ ಬೇರೆ ದಾರಿ ಇದೆ. ನ್ಯಾಯಾಲಯದ ಡಿಕ್ರಿ ಇದ್ದರೂ ಗ್ರಾಚ್ಯುಟಿಯನ್ನು ಜಪ್ತಿ ಮಾಡುವ ಹಾಗಿಲ್ಲ ಅಂತ ಕಾಯ್ದೆಯ 13ನೇ ಕಲಂ ಹೇಳುವಾಗ, ಎಚ್‌ಆರ್ ವಿಭಾಗದವರ ಒಂದು ಎಕ್ಸೆಲ್ ಹಾಳೆಗೆ ಆ ಅಧಿಕಾರ ಎಲ್ಲಿಂದ ಬಂತು?

ನಷ್ಟದ ಕಾರಣ ಕೊಟ್ಟರೂ ಮಾಲೀಕರು ಸಲೀಸಾಗಿ ಪಾರಾಗುವುದಿಲ್ಲ. ಎಷ್ಟು ನಷ್ಟ ಅಂತ ತೋರಿಸಬೇಕು, ನೋಟಿಸ್ ಕೊಡಬೇಕು, ನೌಕರರ ಮಾತು ಕೇಳಬೇಕು, ಆಮೇಲೆ ಮುಟ್ಟುಗೋಲಿಗೇ ಪ್ರತ್ಯೇಕ ಆದೇಶ ಹೊರಡಿಸಬೇಕು. ವಜಾ ಆದೇಶ ಇದೆ ಅಂದ ಮಾತ್ರಕ್ಕೆ ಗ್ರಾಚ್ಯುಟಿ ತಾನಾಗಿಯೇ ಹೋಗುವುದಿಲ್ಲ. 2025ರಲ್ಲಿ ಕರ್ನಾಟಕ ಹೈಕೋರ್ಟ್ ಕೇಂದ್ರ ಸರ್ಕಾರದ ಒಂದು ನಿಗಮದ ಪ್ರಕರಣದಲ್ಲಿ ಇದನ್ನೇ ಹೇಳಿತು: ನಷ್ಟ ವಸೂಲಿಗೆ ಯಾವ ಕ್ರಮವನ್ನೂ ಶುರುಮಾಡದೆ ಸುಮ್ನೆ ಗ್ರಾಚ್ಯುಟಿ ಇಟ್ಟುಕೊಳ್ಳುವ ಹಾಗಿಲ್ಲ.

ಇನ್ನು ನಿಜವಾದ ಗೊಂದಲದ ಜಾಗಕ್ಕೆ ಬರೋಣ. ‘ನೈತಿಕ ಅಧಃಪತನದ ಅಪರಾಧ’ ಅಂದರೆ ಅದನ್ನು ಯಾರು ತೀರ್ಮಾನಿಸಬೇಕು? 2018ರಲ್ಲಿ ಯೂನಿಯನ್ ಬ್ಯಾಂಕ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ನೌಕರರ ಪರ ನಿಂತಿತು. ಅಪರಾಧ ಅಂದ ಮೇಲೆ ಅದು ಕ್ರಿಮಿನಲ್ ನ್ಯಾಯಾಲಯದಲ್ಲಿ ಸಾಬೀತಾಗಿರಬೇಕು, ಬ್ಯಾಂಕಿನವರು ತಾವೇ ಅಪರಾಧ ಅಂತ ಕರೆದರೆ ಸಾಲದು ಅಂತ ಹೇಳಿತು. ಏಳು ವರ್ಷ ಇದೇ ನೌಕರರಿಗೆ ರಕ್ಷಣೆಯಾಗಿತ್ತು. 2025ರ ಫೆಬ್ರವರಿಯಲ್ಲಿ ವೆಸ್ಟರ್ನ್ ಕೋಲ್‌ಫೀಲ್ಡ್ಸ್ ಪ್ರಕರಣದಲ್ಲಿ ಇಬ್ಬರು ನ್ಯಾಯಮೂರ್ತಿಗಳ ಇನ್ನೊಂದು ಪೀಠ ಬೇರೆ ದಾರಿ ಹಿಡಿಯಿತು. 2018ರ ಆ ಮಾತು ಕಟ್ಟುಪಾಡಾಗುವ ತೀರ್ಪಿನ ಭಾಗವಲ್ಲ, ಕಾಯ್ದೆಯಲ್ಲಿ ‘ಶಿಕ್ಷೆಯಾಗಿರಬೇಕು’ ಅನ್ನುವ ಪದವೇ ಇಲ್ಲ, ಹಾಗಾಗಿ ಇಲಾಖಾ ವಿಚಾರಣೆಯಲ್ಲಿ ಸಾಬೀತಾದ ನಡತೆ ನೈತಿಕ ಅಧಃಪತನದ ಅಪರಾಧಕ್ಕೆ ಸಮ ಅಂತ ಶಿಸ್ತು ಪ್ರಾಧಿಕಾರಕ್ಕೆ ಅನಿಸಿದರೆ ಸಾಕು ಅಂತ ಹೇಳಿತು. ಅದರಲ್ಲಿ ಒಬ್ಬ ನೌಕರ ಸುಳ್ಳು ಜನ್ಮ ದಿನಾಂಕದ ದಾಖಲೆ ಕೊಟ್ಟು ಕೆಲಸ ಗಿಟ್ಟಿಸಿದ್ದರು, ಅವರ ಪೂರ್ತಿ ಗ್ರಾಚ್ಯುಟಿ ಹೋಯಿತು. ಜೊತೆಗಿದ್ದ ಪ್ರಕರಣಗಳು ಮಹಾರಾಷ್ಟ್ರದ ಸಾರಿಗೆ ನಿಗಮದ ಕಂಡಕ್ಟರ್‌ಗಳದ್ದು. ಟಿಕೆಟ್ ಹಣ ಸಣ್ಣ ಮೊತ್ತದಲ್ಲಿ ಜೇಬಿಗಿಳಿಸಿದ ಆರೋಪ. ಅಲ್ಲಿ ಕೋರ್ಟು ಮುಟ್ಟುಗೋಲನ್ನು ಶೇ 25ಕ್ಕೆ ಇಳಿಸಿತು.

ಶೇ 25ಕ್ಕೆ ಇಳಿಸಿದ್ದು ಒಳ್ಳೆಯದೇ ಆಯಿತು. ತಪ್ಪಿಗೂ ಶಿಕ್ಷೆಗೂ ಅಳತೆ ಇರಬೇಕು ಅನ್ನುವ ತತ್ವ ಅದರಲ್ಲಿ ಉಳಿದಿದೆ. ಆದರೆ ಒಟ್ಟಾರೆ ತೀರ್ಪಿನ ಬಗ್ಗೆ ನನಗೆ ಆತಂಕವಿದೆ. ಕ್ರಿಮಿನಲ್ ಕೋರ್ಟಿನಲ್ಲಿ ಸಂಶಯಕ್ಕೆ ಎಡೆಯಿಲ್ಲದಂತೆ ಸಾಬೀತು ಮಾಡಬೇಕು. ಇಲಾಖಾ ವಿಚಾರಣೆಯಲ್ಲಿ ಹೀಗಾಗಿರುವ ಸಾಧ್ಯತೆ ಜಾಸ್ತಿ ಅನಿಸಿದರೆ ಸಾಕು. ಕಲ್ಲಿದ್ದಲು ಕಂಪನಿಯಲ್ಲಿ, ಸಾರಿಗೆ ನಿಗಮದಲ್ಲಿ ವಿಚಾರಣೆಗೆ ಒಂದು ನಿಯಮಾವಳಿ, ಒಂದು ಮೇಲ್ಮನವಿ ಅಂತಾದರೂ ಇರುತ್ತದೆ. ನಲವತ್ತು ಜನರ ಖಾಸಗಿ ಕಂಪನಿಯಲ್ಲಿ ದೂರು ಕೊಡುವವರೂ, ವಿಚಾರಣೆ ಮಾಡುವವರೂ, ಗ್ರಾಚ್ಯುಟಿ ಉಳಿಸಿಕೊಂಡು ಲಾಭ ಮಾಡಿಕೊಳ್ಳುವವರೂ ಒಬ್ಬರೇ ಆಗಿರುತ್ತಾರೆ. ಅವರ ಕೈಗೆ ಈ ತೀರ್ಪು ಸಿಕ್ಕಿದೆ.

ಎರಡನೆಯ ಗೊಂದಲ, ನಿವೃತ್ತಿಯ ಹೊತ್ತಿಗೆ ವಿಚಾರಣೆ ಬಾಕಿ ಇದ್ದರೆ ಏನು ಅನ್ನುವುದು. ಸೇವೆ ಮುಗಿದ ಮೇಲೆ ವಜಾ ಮಾಡುವುದು ಹೇಗೆ, ವಜಾ ಆಗದಿದ್ದರೆ ಮುಟ್ಟುಗೋಲು ಹೇಗೆ ಅಂತ 2007ರಲ್ಲಿ ಸುಪ್ರೀಂ ಕೋರ್ಟ್ ನೌಕರರ ಕಡೆ ತೀರ್ಪು ಕೊಟ್ಟಿತ್ತು. 2020ರಲ್ಲಿ ಮಹಾನದಿ ಕೋಲ್‌ಫೀಲ್ಡ್ಸ್ ಪ್ರಕರಣದಲ್ಲಿ ಮೂವರ ಪೀಠ ಅದನ್ನು ಬದಲಿಸಿತು. ಸೇವಾ ನಿಯಮದಲ್ಲಿ ಅವಕಾಶವಿದ್ದರೆ ನಿವೃತ್ತಿಯ ನಂತರವೂ ವಿಚಾರಣೆ ನಡೆಸಬಹುದು, ಅದು ಮುಗಿಯುವ ತನಕ ಗ್ರಾಚ್ಯುಟಿ ತಡೆಹಿಡಿಯಬಹುದು. ನಿಯಮದಲ್ಲಿ ಅಂಥ ಅವಕಾಶವೇ ಇಲ್ಲದಿದ್ದರೆ ಆಗದು. ಹಾಗಾಗಿ ವಕೀಲರ ಹತ್ತಿರ ಹೋಗುವವರು ಮೊದಲು ಕೈಯಲ್ಲಿ ಹಿಡಿದಿರಬೇಕಾದ್ದು ತಮ್ಮ ಸಂಸ್ಥೆಯ ಸೇವಾ ನಿಯಮಾವಳಿ.

ಕಂಪನಿಯ ಮನೆ ಖಾಲಿ ಮಾಡದವರ ವಿಷಯದಲ್ಲೂ ತೀರ್ಪುಗಳು ಎರಡು ದಿಕ್ಕಿಗಿವೆ. 2001ರಲ್ಲಿ ಗೋರಖ್‌ಪುರ ವಿಶ್ವವಿದ್ಯಾಲಯದ ಪ್ರಕರಣದಲ್ಲಿ ಆ ಕಾರಣಕ್ಕೆ ಪಿಂಚಣಿ ನಿಲ್ಲಿಸುವಂತಿಲ್ಲ ಅಂದಿದ್ದ ಸುಪ್ರೀಂ ಕೋರ್ಟ್, 2020ರಲ್ಲಿ ಉಕ್ಕು ಪ್ರಾಧಿಕಾರದ ಪ್ರಕರಣದಲ್ಲಿ ದಂಡದ ಬಾಡಿಗೆಯನ್ನು ಗ್ರಾಚ್ಯುಟಿಯಲ್ಲಿ ಮುರಿದುಕೊಳ್ಳಬಹುದು ಅಂದಿತು. ನಿವೃತ್ತರಾದ ಮೇಲೆ ಕ್ವಾರ್ಟರ್ಸ್ ಬಿಡದೆ ಕೂತರೆ ಅಪಾಯ ಇದ್ದೇ ಇದೆ.

ಸರ್ಕಾರಿ ನೌಕರರ ಕಥೆ ಸ್ವಲ್ಪ ಬೇರೆ. ಪಿಂಚಣಿ ಸರ್ಕಾರದ ಕೃಪೆಯಲ್ಲ ಅಂತ ನಾಕರಾ ಪ್ರಕರಣದಲ್ಲಿ ತೀರ್ಪು ಬಂದದ್ದು 1982ರ ಡಿಸೆಂಬರ್ 17ರಂದು. ಆ ದಿನವನ್ನೇ ಪಿಂಚಣಿದಾರರು ತಮ್ಮ ದಿನವಾಗಿ ಆಚರಿಸುತ್ತಾರೆ. 2013ರಲ್ಲಿ ಜಾರ್ಖಂಡ್ ಸರ್ಕಾರದ ವಿರುದ್ಧದ ತೀರ್ಪು ಇನ್ನೂ ಮುಂದೆ ಹೋಯಿತು. ಪಿಂಚಣಿ, ಗ್ರಾಚ್ಯುಟಿ ಸಂವಿಧಾನದ 300ಎ ವಿಧಿಯ ಅರ್ಥದಲ್ಲಿ ಆಸ್ತಿ, ಕಾನೂನಿನ ಬಲವಿಲ್ಲದ ಬರೀ ಸುತ್ತೋಲೆಯಿಂದ ಅದನ್ನು ಕಿತ್ತುಕೊಳ್ಳಲಾಗದು. ಕರ್ನಾಟಕದಲ್ಲಿ ಆ ಕಾನೂನಿನ ಬಲ ಇದೆ. ಕರ್ನಾಟಕ ನಾಗರಿಕ ಸೇವಾ ನಿಯಮಗಳ 214ನೇ ನಿಯಮದ ಅಡಿ, ಸೇವೆಯಲ್ಲಿದ್ದಾಗ ಗಂಭೀರ ತಪ್ಪು ಮಾಡಿದ್ದು ಸಾಬೀತಾದರೆ ಪಿಂಚಣಿ ತಡೆಹಿಡಿಯಬಹುದು. ಆದರೆ ನಿವೃತ್ತಿಯ ನಂತರ ಹೊಸದಾಗಿ ವಿಚಾರಣೆ ಶುರುಮಾಡಲು ಸರ್ಕಾರದ ಮಂಜೂರಾತಿ ಬೇಕು, ಘಟನೆ ನಡೆದು ನಾಲ್ಕು ವರ್ಷ ದಾಟಿರಬಾರದು. ಈ ನಾಲ್ಕು ವರ್ಷದ ಮಿತಿ ಎಷ್ಟೋ ಜನರನ್ನು ಕಾಪಾಡಿದೆ. ದಿನಾಂಕಗಳನ್ನು ಸರಿಯಾಗಿ ಹೋಲಿಸಿ ನೋಡದೆ ಆರೋಪ ಪಟ್ಟಿ ಒಪ್ಪಿಕೊಂಡು ಕೂತವರೂ ಇದ್ದಾರೆ.

ಸರ್ಕಾರಿ ಕಚೇರಿಗಳಲ್ಲಿ ಇನ್ನೊಂದು ತಾಪತ್ರಯ, ಹೆಚ್ಚುವರಿ ಪಾವತಿಯ ವಸೂಲಿ. ಇಪ್ಪತ್ತು ವರ್ಷದ ಹಿಂದೆ ಯಾರೋ ಗುಮಾಸ್ತರು ವೇತನ ನಿಗದಿ ಮಾಡುವಾಗ ಒಂದು ವೇತನ ಬಡ್ತಿ ಜಾಸ್ತಿ ಸೇರಿಸಿರುತ್ತಾರೆ. ಪಿಂಚಣಿ ಕಡತ ತಯಾರಾಗುವಾಗ ಸೇವಾ ಪುಸ್ತಕ ತೆರೆದು ಅದನ್ನು ಹಿಡಿಯುತ್ತಾರೆ, ಅಷ್ಟೂ ವರ್ಷದ ಮೊತ್ತವನ್ನು ಉಪದಾನದಲ್ಲಿ (ಸರ್ಕಾರಿ ಭಾಷೆಯಲ್ಲಿ ಗ್ರಾಚ್ಯುಟಿಗೆ ಇದೇ ಹೆಸರು) ಮುರಿದುಕೊಳ್ಳುತ್ತಾರೆ. 2014ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಇದಕ್ಕೆ ತಡೆ ಹಾಕಿತು. ಸಿ ಮತ್ತು ಡಿ ವರ್ಗದವರಿಂದ, ನಿವೃತ್ತರಾದವರಿಂದ ಅಥವಾ ಒಂದು ವರ್ಷದಲ್ಲಿ ನಿವೃತ್ತರಾಗುವವರಿಂದ ವಸೂಲು ಮಾಡಬಾರದು, ಐದು ವರ್ಷಕ್ಕೂ ಹಿಂದಿನಿಂದ ಕೊಟ್ಟುಕೊಂಡು ಬಂದ ಹಣವನ್ನೂ ವಸೂಲು ಮಾಡಬಾರದು ಅಂತ ಹೇಳಿತು. ಆದರೆ 2016ರ ಇನ್ನೊಂದು ತೀರ್ಪಿನ ಪ್ರಕಾರ, ‘ಹೆಚ್ಚಿಗೆ ಬಂದರೆ ವಾಪಸ್ ಕೊಡುತ್ತೇನೆ’ ಅಂತ ಮುಚ್ಚಳಿಕೆ ಬರೆದುಕೊಟ್ಟಿದ್ದರೆ ವಸೂಲಿ ಮಾಡಬಹುದು. ಈಗ ಪ್ರತಿ ವೇತನ ಪರಿಷ್ಕರಣೆಯಲ್ಲೂ ಆ ಮುಚ್ಚಳಿಕೆ ಬರೆಸಿಕೊಳ್ಳುವುದು ಮಾಮೂಲಿ. ಸಹಿ ಹಾಕದಿದ್ದರೆ ಹೊಸ ಸಂಬಳವೇ ಇಲ್ಲ. ಇದು ಒಪ್ಪಿಗೆಯಾ?

ನಮ್ಮಲ್ಲಿ ಸದ್ಯ ದೊಡ್ಡ ಮಟ್ಟದಲ್ಲಿ ಕೇಳಿಬರುತ್ತಿರುವುದು 7ನೇ ವೇತನ ಆಯೋಗದ ತಕರಾರು. ರಾಜ್ಯ ಸರ್ಕಾರ ಹೊಸ ವೇತನವನ್ನು ಲೆಕ್ಕಕ್ಕೆ 2022ರ ಜುಲೈ 1ರಿಂದ, ಕೈಗೆ ಸಿಗುವಂತೆ 2024ರ ಆಗಸ್ಟ್ 1ರಿಂದ ಕೊಟ್ಟಿತು. ನಡುವಿನ 25 ತಿಂಗಳಲ್ಲಿ ನಿವೃತ್ತರಾದವರ ಪಿಂಚಣಿ ಹೊಸ ದರಕ್ಕೆ ಏರಿತು. ಆದರೆ ಉಪದಾನ, ಪಿಂಚಣಿ ಪರಿವರ್ತನೆ (ಪಿಂಚಣಿಯ ಒಂದು ಭಾಗವನ್ನು ಮೊದಲೇ ಒಟ್ಟಿಗೆ ಪಡೆಯುವುದು), ಗಳಿಕೆ ರಜೆ ನಗದೀಕರಣ ಮಾತ್ರ ಹಳೆಯ ವೇತನದ ಮೇಲೇ ನಿಂತವು. ಅವರು ಧರಣಿ ಕೂತದ್ದು ಇದಕ್ಕೇ. ಸರ್ಕಾರದ ಬಳಿ ಒಂದು ವಾದವಿದೆ: ಹಣಕಾಸಿನ ಹೊರೆ ನೋಡಿ ದಿನಾಂಕ ಗೊತ್ತುಮಾಡುವ ಅಧಿಕಾರವನ್ನು ನಾಕರಾ ನಂತರದ ಹಲವು ತೀರ್ಪುಗಳು ಒಪ್ಪಿವೆ. ಕಾನೂನಿನ ದೃಷ್ಟಿಯಲ್ಲಿ ಅದು ಗಟ್ಟಿ ವಾದವೇ. ಆದರೂ 2024ರ ಜುಲೈ ಕೊನೆಗೆ ನಿವೃತ್ತರಾದ ಶಿಕ್ಷಕಿಗೆ, ಆಗಸ್ಟ್ ಕೊನೆಗೆ ನಿವೃತ್ತರಾದ ಅವರದೇ ಸಹೋದ್ಯೋಗಿಗಿಂತ ಲಕ್ಷಗಟ್ಟಲೆ ಕಡಿಮೆ ಬರುವುದು ನ್ಯಾಯ ಅಂತ ನನಗಂತೂ ಹೇಳಲಾಗದು. ಹೊಸ ವೇತನ 2022ರಿಂದಲೇ ಅವರದ್ದು ಅಂತ ಸರ್ಕಾರವೇ ಕಾಗದದ ಮೇಲೆ ಒಪ್ಪಿಕೊಂಡಿದೆ.

ಇನ್ನು ಕೆಲವರಿಗೆ ‘ನೀವು ನೌಕರರೇ ಅಲ್ಲ’ ಅನ್ನುವ ಉತ್ತರ. ಖಾಸಗಿ ಶಾಲೆಯ ಶಿಕ್ಷಕರು ಕಾಯ್ದೆಯಡಿ ನೌಕರರಲ್ಲ ಅಂತ 2004ರಲ್ಲಿ ತೀರ್ಪು ಬಂತು. ಸಂಸತ್ತು 2009ರಲ್ಲಿ ತಿದ್ದುಪಡಿ ತಂದು 1997ರ ಏಪ್ರಿಲ್‌ನಿಂದಲೇ ಅವರಿಗೆ ಹಕ್ಕು ಕೊಟ್ಟಿತು. ಶಾಲೆಗಳವರು ಅದನ್ನೂ ಪ್ರಶ್ನಿಸಿದರು, 2022ರ ಆಗಸ್ಟ್‌ನಲ್ಲಿ ಸೋತರು. ಅಂದರೆ ಒಂದು ಸಾಲಿನ ಹಕ್ಕಿಗೆ ಹದಿನೆಂಟು ವರ್ಷ. ಅದೇ ವರ್ಷ ಏಪ್ರಿಲ್‌ನಲ್ಲಿ, ಗುಜರಾತಿನ ಪ್ರಕರಣವೊಂದರಲ್ಲಿ, ಅಂಗನವಾಡಿ ಕಾರ್ಯಕರ್ತೆಯರಿಗೂ ಸಹಾಯಕಿಯರಿಗೂ ಗ್ರಾಚ್ಯುಟಿ ಸಲ್ಲಬೇಕು ಅಂತ ಸುಪ್ರೀಂ ಕೋರ್ಟ್ ಹೇಳಿತು. ಅವರು ಪಡೆಯುವುದು ಗೌರವಧನ, ಸಂಬಳವಲ್ಲ ಅನ್ನುವ ವಾದವನ್ನು ಒಪ್ಪಲಿಲ್ಲ. ಆ ತೀರ್ಪು ಕೈಯಲ್ಲಿದ್ದರೂ ನಮ್ಮ ರಾಜ್ಯದ ಕಾರ್ಯಕರ್ತೆಯರು 2023ರ ಚಳಿಗಾಲದಲ್ಲಿ ಫ್ರೀಡಂ ಪಾರ್ಕಿನಲ್ಲಿ ಹಗಲು ರಾತ್ರಿ ಕೂರಬೇಕಾಯಿತು.

ಕಂಪನಿಯೇ ಮುಳುಗಿದರೆ? ಬೆಂಗಳೂರಿನ ಕಿಂಗ್‌ಫಿಷರ್ ಏರ್‌ಲೈನ್ಸ್ 2012ರ ಅಕ್ಟೋಬರ್‌ನಲ್ಲಿ ಹಾರಾಟ ನಿಲ್ಲಿಸಿದಾಗ ನೌಕರರ ತಿಂಗಳುಗಟ್ಟಲೆ ಸಂಬಳವೂ ಬಾಕಿ, ಇತರ ಸೌಲಭ್ಯಗಳೂ ಬಾಕಿ. 2016ರ ದಿವಾಳಿ ಸಂಹಿತೆ ಈ ವಿಷಯದಲ್ಲಿ ಒಳ್ಳೆಯದನ್ನು ಮಾಡಿದೆ. ಪಿಎಫ್, ಪಿಂಚಣಿ, ಗ್ರಾಚ್ಯುಟಿ ನಿಧಿಗಳ ಹಣ ಸಾಲ ಕೊಟ್ಟವರಿಗೆ ಹಂಚುವ ಆಸ್ತಿಯಲ್ಲಿ ಸೇರುವುದಿಲ್ಲ. ಜೆಟ್ ಏರ್‌ವೇಸ್ ನೌಕರರು ಇದನ್ನೇ ಹಿಡಿದು ಹೋರಾಡಿ, 2022ರ ಅಕ್ಟೋಬರ್‌ನಲ್ಲಿ ಕಂಪನಿ ಕಾನೂನು ಮೇಲ್ಮನವಿ ನ್ಯಾಯಮಂಡಳಿಯಲ್ಲಿ ಗೆದ್ದರು. 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಅದನ್ನು ಉಳಿಸಿತು. ಆದರೆ ಕಂಪನಿ ಕೊಳ್ಳಲು ಬಂದವರು ಯೋಜನೆಯಂತೆ ಹಣ ಹಾಕಲಿಲ್ಲ, 2024ರ ನವೆಂಬರ್‌ನಲ್ಲಿ ಕೋರ್ಟೇ ಕಂಪನಿಯನ್ನು ಮುಚ್ಚಲು ಹೇಳಬೇಕಾಯಿತು. ಇನ್ನೊಂದು ತೊಡಕೂ ಇದೆ. ಗ್ರಾಚ್ಯುಟಿಗೆ ಅಂತ ಕಂಪನಿ ನಿಧಿಯನ್ನೇ ಇಟ್ಟಿರದಿದ್ದರೆ ಹೊರಗಿಡಲು ಏನಿರುತ್ತದೆ? 2020ರಲ್ಲಿ ಅದೇ ಮೇಲ್ಮನವಿ ನ್ಯಾಯಮಂಡಳಿ, ನಿಧಿ ಇಲ್ಲದಿದ್ದರೆ ಲಿಕ್ವಿಡೇಟರ್ (ಮುಚ್ಚುವ ಕಂಪನಿಯ ಆಸ್ತಿ ಮಾರಿ ಹಂಚುವವರು) ಕೈಯಿಂದ ಕೊಡಿಸಲಾಗದು ಅಂದಿತ್ತು.

ಈ ಖಾಲಿ ಜಾಗಕ್ಕೆ ಕರ್ನಾಟಕ ಒಂದು ಮದ್ದು ಹುಡುಕಿದೆ, ಅದು ಸಿಗಬೇಕಾದಷ್ಟು ಪ್ರಚಾರ ಪಡೆದಿಲ್ಲ. 2024ರ ಜನವರಿ 10ರಿಂದ ಕಡ್ಡಾಯ ಗ್ರಾಚ್ಯುಟಿ ವಿಮಾ ನಿಯಮಗಳು ಜಾರಿಯಲ್ಲಿವೆ. ಸರ್ಕಾರಿ ಸಂಸ್ಥೆಗಳನ್ನು ಬಿಟ್ಟು ಉಳಿದ ಮಾಲೀಕರು ತಮ್ಮ ಗ್ರಾಚ್ಯುಟಿ ಹೊಣೆಗೆ ಎಲ್‌ಐಸಿಯಲ್ಲೋ ಬೇರೆ ವಿಮಾ ಕಂಪನಿಯಲ್ಲೋ ಪಾಲಿಸಿ ಮಾಡಿಸಬೇಕು, ಕಂತು ಕಟ್ಟುತ್ತಾ ಹೋಗಬೇಕು. 500 ಅಥವಾ ಅದಕ್ಕಿಂತ ಹೆಚ್ಚು ನೌಕರರಿರುವ ಕಡೆ ಮಾನ್ಯತೆ ಪಡೆದ ಸ್ವಂತ ಗ್ರಾಚ್ಯುಟಿ ನಿಧಿ ಇದ್ದರೂ ನಡೆಯುತ್ತದೆ. ಇದಕ್ಕೆ ಆಧಾರವಾದ ಕಲಂ ಕೇಂದ್ರ ಕಾಯ್ದೆಯಲ್ಲಿ ದಶಕಗಳಿಂದ ಇತ್ತು, ನಿಯಮ ಮಾಡಿದ ರಾಜ್ಯಗಳು ಬೆರಳೆಣಿಕೆಯಷ್ಟು. ಇದು ನಿಜವಾಗಿ ನಡೆದರೆ ಮೇಲೆ ಹೇಳಿದ ಲೆಕ್ಕವೇ ಬದಲಾಗುತ್ತದೆ. ಹಣ ಮೊದಲೇ ಮಾಲೀಕರ ಕೈಬಿಟ್ಟಿರುವುದರಿಂದ ತಡೆಹಿಡಿದು ಅವರಿಗೆ ಲಾಭವಿಲ್ಲ. ನೀವು ಕೆಲಸ ಮಾಡುವ ಕಡೆ ಪಾಲಿಸಿ ಇದೆಯಾ ಅಂತ ಈಗಲೇ ಕೇಳಿ.

ಪಿಎಫ್ ವಿಷಯ ಬೇಗ ಮುಗಿಸುತ್ತೇನೆ. ಅದನ್ನು ತಡೆಹಿಡಿಯುವ ಅಧಿಕಾರ ಮಾಲೀಕರಿಗೆ ಇಲ್ಲವೇ ಇಲ್ಲ. ಸಂಬಳದಲ್ಲಿ ಕಡಿತ ಮಾಡಿ ಕಟ್ಟದಿದ್ದರೆ ಅದು ನಂಬಿಕೆ ದ್ರೋಹದ ಅಪರಾಧ, ಜೊತೆಗೆ ಶೇ 12ರ ಬಡ್ಡಿ ಮತ್ತು ದಂಡ. ಕೆಲವು ಕಂಪನಿಗಳು ಕೆಲಸ ಬಿಟ್ಟ ದಿನಾಂಕವನ್ನು ಪೋರ್ಟಲ್‌ನಲ್ಲಿ ಹಾಕದೆ ಸತಾಯಿಸುತ್ತಿದ್ದವು. ಈಗ ಕೊನೆಯ ಕಂತು ಬಂದು ಎರಡು ತಿಂಗಳಾದ ಮೇಲೆ ಯುಎಎನ್ (ಪಿಎಫ್ ಸದಸ್ಯರ ಸಂಖ್ಯೆ) ಖಾತೆಯಲ್ಲಿ ನೀವೇ ಅದನ್ನು ನಮೂದಿಸಬಹುದು.

ಗ್ರಾಚ್ಯುಟಿ ಬಂದಿಲ್ಲ ಅಂದರೆ ಹಳೆಯ ಕಾಯ್ದೆಯ ಪದ್ಧತಿ ಹೀಗಿದೆ. ಮೊದಲು ಮಾಲೀಕರಿಗೆ ನಮೂನೆ ‘ಐ’ನಲ್ಲಿ ಅರ್ಜಿ, ತಲುಪಿದ್ದಕ್ಕೆ ಪುರಾವೆ ಸಿಗುವಂತೆ ಅಂಚೆಯಲ್ಲಿ. ಉತ್ತರ ಬಾರದಿದ್ದರೆ ಅಥವಾ ನಿರಾಕರಿಸಿದರೆ ನಿಯಂತ್ರಣ ಪ್ರಾಧಿಕಾರಕ್ಕೆ (ಗ್ರಾಚ್ಯುಟಿ ತಕರಾರು ತೀರ್ಮಾನಿಸುವ ಕಾರ್ಮಿಕ ಅಧಿಕಾರಿಗೆ) ನಮೂನೆ ‘ಎನ್’, 90 ದಿನದೊಳಗೆ. ತಡವಾಗಿದ್ದರೆ ಸರಿಯಾದ ಕಾರಣ ಕೊಟ್ಟು ಕ್ಷಮೆ ಕೇಳಬಹುದು, ತಡವಾಯಿತು ಅಂತ ಹಕ್ಕು ಸಾಯುವುದಿಲ್ಲ. ಇಲ್ಲಿ ಬಹಳ ಜನ ಎಡವುವುದು ಯಾವ ಕಚೇರಿ ಅನ್ನುವುದರಲ್ಲಿ. ರಾಜ್ಯದೊಳಗಿನ ಸಂಸ್ಥೆಯಾದರೆ ರಾಜ್ಯ ಕಾರ್ಮಿಕ ಇಲಾಖೆ. ಆದರೆ ಕಂಪನಿಗೆ ಒಂದಕ್ಕಿಂತ ಹೆಚ್ಚು ರಾಜ್ಯಗಳಲ್ಲಿ ಶಾಖೆ ಇದ್ದರೆ ಅದು ಖಾಸಗಿಯಾದರೂ ಕೇಂದ್ರದ ಸಹಾಯಕ ಕಾರ್ಮಿಕ ಆಯುಕ್ತರ ವ್ಯಾಪ್ತಿ. ತಪ್ಪು ಕಚೇರಿಯಲ್ಲಿ ಎರಡು ವರ್ಷ ನಡೆಸಿ, ಕೊನೆಗೆ ಮಾಲೀಕರ ವಕೀಲರು ‘ವ್ಯಾಪ್ತಿಯೇ ಇಲ್ಲ’ ಅಂದಾಗ ಮತ್ತೆ ಮೊದಲಿನಿಂದ ಶುರುಮಾಡಬೇಕಾಗುತ್ತದೆ.

ಆದೇಶ ನಿಮ್ಮ ಪರ ಬಂದ ಮೇಲೆ ಮಾಲೀಕರು ಮೇಲ್ಮನವಿ ಹಾಕಬೇಕಿದ್ದರೆ ಗ್ರಾಚ್ಯುಟಿಯ ಮೊತ್ತವನ್ನು ಮೊದಲೇ ಠೇವಣಿ ಇಡಬೇಕು. ಇಡೀ ಕಾಯ್ದೆಯಲ್ಲಿ ನೌಕರರಿಗೆ ಅತಿ ಹೆಚ್ಚು ಉಪಯೋಗಕ್ಕೆ ಬರುವ ಅಂಶ ಇದೇ. ಠೇವಣಿ ಇಡದೆ ಮೇಲ್ಮನವಿ ದಾಖಲಾಗಿದ್ದರೆ ಮೊದಲ ದಿನವೇ ಆಕ್ಷೇಪಣೆ ಸಲ್ಲಿಸಿ. ಮೇಲ್ಮನವಿಯೂ ಇಲ್ಲ, ಹಣವೂ ಇಲ್ಲ ಅಂದರೆ ಪ್ರಾಧಿಕಾರದಿಂದ ಜಿಲ್ಲಾಧಿಕಾರಿಗೆ ವಸೂಲಿ ಪ್ರಮಾಣಪತ್ರ ಹೋಗುತ್ತದೆ, ಭೂಕಂದಾಯದ ಬಾಕಿಯಂತೆ ವಸೂಲಿ ಆಗಬೇಕು. ಈ ಹಂತದಲ್ಲಿ ವಸೂಲಿಗೆ ಚಕ್ರಬಡ್ಡಿ ಸೇರುತ್ತದೆ. ಕಡತ ಜಿಲ್ಲಾಧಿಕಾರಿ ಕಚೇರಿಯಿಂದ ತಹಶೀಲ್ದಾರರಿಗೆ ಇಳಿದು ಅಲ್ಲೇ ನಿಂತುಬಿಡುವುದುಂಟು. ಆಗ ಕಡತದ ಸಂಖ್ಯೆ ಹಿಡಿದು ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ, ಅದಕ್ಕೂ ಜಗ್ಗದಿದ್ದರೆ ವಸೂಲಿಗೆ ಕಾಲಮಿತಿ ಹಾಕಿಕೊಡಿ ಅಂತ ಹೈಕೋರ್ಟಿಗೆ ಹೋಗಿ.